ಕತ್ತರಿ ಹಿಡಿದ ಕೈ

ಚಲಚ್ಚಿತ್ರದಲ್ಲಿ ನಟನ ಮುಖ ಎಲ್ಲರಿಗೂ ಪರಿಚಿತ. ಫಿಲ್ಮಿನ ಸುರುಳಿಗೆ ಕತ್ತರಿಯಿಟ್ಟ ಕೈಯನ್ನು ಬಲ್ಲವರು ವಿರಳ. ಫ್ರಾನ್ಸಿನ ಸೆಸಿಲ್ ದೆಕ್ಯುಜಿಸ್ ಅಂಥ ಮರೆಯ ಕುಶಲೆ.

1960ರಲ್ಲಿ ತೆರೆಕಂಡ ಗೊದಾರನ ಮೊದಲ ದೊಡ್ಡ ಚಿತ್ರ, ಆಂಗ್ಲದಲ್ಲಿ ‘ಬ್ರೆತ್‌ಲೆಸ್’ ಎನಿಸಿದ ಕೃತಿಯ ಸಂಕಲನ ಆಕೆಯದು. ಮಿತಿಮೀರಿ ಉದ್ದವಾಗಿದ್ದ ಚಿತ್ರವನ್ನು ಸುಮಾರು 90 ನಿಮಿಷಕ್ಕೆ ಇಳಿಸಬೇಕಾಯಿತು. ಇಡಿಯ ಪ್ರಸಂಗಗಳನ್ನು ಕೈಬಿಡುವ ಬದಲು ದೃಶ್ಯಗಳ ಒಡಲೊಳಗೇ ಕತ್ತರಿಯಾಡಿತು. ಕಾರಿನಲ್ಲಿ ಕುಳಿತ ಜೀನ್ ಸೀಬರ್ಗಳ ತಲೆ ಇದ್ದಲ್ಲೇ ಇರುವಂತೆ ತೋರಿದರೂ ಪ್ಯಾರಿಸ್ಸಿನ ಬೀದಿ ಥಟ್ಟನೆ ಬದಲಾಗುತ್ತದೆ. ಹೊಲಿಗೆ ಕಾಣಿಸದಿರುವುದೇ ಕಲೆಯೆಂದು ನಂಬಿದ್ದವರು ಬೆರಗಾದರು.

ಅದೇ ವರ್ಷ, ಅಲ್ಜೀರಿಯದ ಸ್ವಾತಂತ್ರ್ಯ ಹೋರಾಟಗಾರರಿಗೆ ನೆರವಾದುದಕ್ಕಾಗಿ ಆಕೆಯ ಬಂಧನವಾಯಿತು. ವಿಧಿಸಿದ್ದು ಐದು ವರ್ಷಗಳ ಶಿಕ್ಷೆ. ಅನುಭವಿಸಿದ್ದು ಎರಡು ವರ್ಷ. ಚಿತ್ರಕ್ಕೆ ಜಗತ್ತು ತಲೆದೂಗುತ್ತಿದ್ದಾಗ ಅದನ್ನು ಹೊಂದಿಸಿದವಳು ಕಂಬಿಗಳ ಹಿಂದಿದ್ದಳು.

ಬಿಡುಗಡೆಯ ಬಳಿಕ ಆಕೆ ಮತ್ತೆ ಕತ್ತರಿ ಹಿಡಿದಳು. 1969ರ ‘ಮೈ ನೈಟ್ ಅಟ್ ಮಾಡ್ಸ್’ನಿಂದ 1984ರ ‘ಫುಲ್ ಮೂನ್ ಇನ್ ಪ್ಯಾರಿಸ್’ವರೆಗೆ ಎರಿಕ್ ರೊಮೇರನ ಅನೇಕ ಚಿತ್ರಗಳನ್ನು ಸಂಕಲಿಸಿದಳು. ಅವು ಮಾತೇ ಪ್ರಧಾನವಾದ ಚಿತ್ರಗಳು. ಅಲ್ಲಿ ಕತ್ತರಿ ಅವಸರಪಡುವುದಿಲ್ಲ. ಆಡುವವರ ತುಟಿಯನ್ನು ಬಿಟ್ಟು ಕೇಳುವವರ ಮೌನದ ಮೇಲೆ ನಿಲ್ಲುತ್ತದೆ.

ಒಂದೆಡೆ ಎದ್ದು ಕಾಣುವ ಕತ್ತರಿ, ಇನ್ನೊಂದೆಡೆ ಸುಳಿವೇ ನೀಡದ ಕತ್ತರಿ. ಎರಡನ್ನೂ ಬಲ್ಲ ಆ ಕೈ 2017ರಲ್ಲಿ ವಿರಮಿಸಿತು.