ಸಂಭಾವನೆಯೇ ಬಂಡವಾಳ

ಕವಿಗೆ ಕಾಗದವೂ ಲೇಖನಿಯೂ ಇದ್ದರೆ ಸಾಕು. ಚಲನಚಿತ್ರದ ಮಾತು ಹಾಗಲ್ಲ. ಕ್ಯಾಮರಾದಿಂದ ಹಿಡಿದು ಚಿತ್ರಮಂದಿರದವರೆಗೆ ಪ್ರತಿಯೊಂದಕ್ಕೂ ಹಣ ಬೇಕು. ಹಣ ಹೂಡಿದವನ ಮಾತು ಚಿತ್ರದಲ್ಲಿ ನಡೆಯುವುದೂ ಲೋಕರೂಢಿ. ಹೀಗಿರುವಾಗ, ತನ್ನ ಮನಸ್ಸಿಗೊಪ್ಪುವ ಚಿತ್ರವನ್ನು ತಾನೇ ನಿರ್ಮಿಸಬಯಸುವ ನಟನಿಗೆ ದಾರಿ ಯಾವುದು? ಈ ಪ್ರಶ್ನೆಗೆ ಅಮೆರಿಕದ ನಟ ಜಾನ್ ಕ್ಯಾಸವೆಟೀಸ್ (1929–1989) ತಮ್ಮ ವೃತ್ತಿಜೀವನದಿಂದಲೇ ಉತ್ತರವಿತ್ತರು.

ಅವರ ಮೊದಲ ಚಿತ್ರಕ್ಕೆ ನೆರವಾದುದು ಬಾನುಲಿ. ಸಾಮಾನ್ಯ ಜನರ ಬದುಕನ್ನು ಕುರಿತ ಚಿತ್ರ ಬೇಕಾದರೆ ಜನರೇ ಹಣ ಕೊಡಬೇಕೆಂದು 1957ರಲ್ಲಿ ನ್ಯೂಯಾರ್ಕಿನ ಬಾನುಲಿ ಕಾರ್ಯಕ್ರಮವೊಂದರಲ್ಲಿ ಅವರು ಕೇಳಿಕೊಂಡರು. ಶ್ರೋತೃಗಳಿಂದ ಸುಮಾರು 2,000 ಡಾಲರು ಬಂದಿತು. ತಮ್ಮ ಅಭಿನಯ ತರಗತಿಯ ಕಲಾವಿದರನ್ನೇ ಕೂಡಿಸಿಕೊಂಡು ‘ಶ್ಯಾಡೋಸ್’ ಚಿತ್ರವನ್ನು ತೆಗೆದರು. ಮೊದಲ ರೂಪ ತೃಪ್ತಿ ಕೊಡದಿರಲು, ಬಹುಭಾಗವನ್ನು ಮತ್ತೆ ಚಿತ್ರೀಕರಿಸಿ 1959ರಲ್ಲಿ ಮುಗಿಸಿದರು.

ಈ ಚಿತ್ರದ ಕೀರ್ತಿಯಿಂದ ಹಾಲಿವುಡ್ಡಿನ ಕರೆ ಬಂದಿತು. ಆದರೆ ‘ಎ ಚೈಲ್ಡ್ ಈಸ್ ವೇಟಿಂಗ್’ (1963) ಚಿತ್ರದ ಸಂಕಲನವನ್ನು ನಿರ್ಮಾಪಕ ಸ್ಟ್ಯಾನ್ಲಿ ಕ್ರೇಮರ್ ಅವರ ಕೈಯಿಂದ ತೆಗೆದುಕೊಂಡರು. ನಿರ್ದೇಶಕನೆಂಬ ಹೆಸರೊಂದರಿಂದಲೇ ಚಿತ್ರವು ತನ್ನದಾಗದೆಂಬುದು ಆಗ ಸ್ಪಷ್ಟವಾಯಿತು.

ಅಲ್ಲಿಂದ ಮುಂದೆ ಅವರ ದುಡಿಮೆ ಎರಡು ಕವಲಾಯಿತು. ‘ದಿ ಡರ್ಟಿ ಡಜನ್’ (1967), ‘ರೋಸ್‌ಮರೀಸ್ ಬೇಬಿ’ (1968) ಮೊದಲಾದ ಪರರ ಚಿತ್ರಗಳಲ್ಲಿ ನಟಿಸುವುದು. ಬಂದ ಸಂಭಾವನೆಯನ್ನು ಸ್ವಂತ ಚಿತ್ರಗಳಿಗೆ ಹಾಕುವುದು. ‘ಫೇಸಸ್’ ಚಿತ್ರದ ಬಹುಭಾಗ ತೆಗೆದುದು ಅವರ ಮತ್ತು ಅವರ ಬಂಧುಗಳ ಮನೆಗಳಲ್ಲಿಯೇ. 1965ರಲ್ಲಿ ತೊಡಗಿದ ಆ ಕೆಲಸ ತೆರೆಗೆ ಬರಲು 1968 ಆಯಿತು. ಆತುರಪಡಿಸುವ ಯಜಮಾನನಿರಲಿಲ್ಲವಾದ್ದರಿಂದಲೇ ಅಷ್ಟು ಕಾಲ ಸಂಕಲನದಲ್ಲಿ ತೊಡಗಿರುವುದು ಸಾಧ್ಯವಾಯಿತು.

ಸ್ವಾತಂತ್ರ್ಯಕ್ಕೆ ಬೆಲೆಯೂ ಇತ್ತು. ‘ಎ ವುಮನ್ ಅಂಡರ್ ದಿ ಇನ್‌ಫ್ಲುಯೆನ್ಸ್’ (1974) ಚಿತ್ರಕ್ಕಾಗಿ ಅವರು ಮನೆಯನ್ನು ಒತ್ತೆಯಿಟ್ಟರು. ಸಹನಟ ಪೀಟರ್ ಫಾಕ್ 5,00,000 ಡಾಲರು ಹಾಕಿದರು. ವಿತರಕರು ಮುಂದೆ ಬಾರದಿರಲು ತಾವೇ ಚಿತ್ರಮಂದಿರಗಳೊಡನೆ ವ್ಯವಹರಿಸಿದರು. ಆ ಚಿತ್ರ ಗೆದ್ದಿತು. ಅವರ ಪತ್ನಿ ಜೀನಾ ರೋಲೆಂಡ್ಸ್ ಅಭಿನಯಕ್ಕೂ ಅವರ ನಿರ್ದೇಶನಕ್ಕೂ ಆಸ್ಕರ್ ನಾಮಕರಣ ದೊರೆಯಿತು. ಆದರೆ ‘ದಿ ಕಿಲ್ಲಿಂಗ್ ಆಫ್ ಎ ಚೈನೀಸ್ ಬುಕ್ಕಿ’ (1976) ಸೋತಿತು. ದಂಪತಿಗಳಿಬ್ಬರೂ ನಟಿಸಿದ ‘ಓಪನಿಂಗ್ ನೈಟ್’ (1977) ಚಿತ್ರಕ್ಕೆ ಅವರ ಜೀವಿತಕಾಲದಲ್ಲಿ ಅಮೆರಿಕದಲ್ಲಿ ತಕ್ಕ ವಿತರಣೆಯೇ ದೊರೆಯಲಿಲ್ಲ.

ಚಿತ್ರ ತೆಗೆಯುವುದು, ತನ್ನಿಚ್ಛೆಯಂತೆ ಮುಗಿಸುವುದು, ಜನರ ಮುಂದಿಡುವುದು — ಸ್ವತಂತ್ರ ನಿರ್ಮಾಪಕನು ದಾಟಬೇಕಾದ ಬಾಗಿಲುಗಳು ಈ ಮೂರು. ಮೊದಲೆರಡಕ್ಕೆ ಕ್ಯಾಸವೆಟೀಸರ ಸಂಭಾವನೆಯೂ ಹಟವೂ ಸಾಕಾದವು. ಮೂರನೆಯದು ಒಮ್ಮೆ ತೆರೆಯಿತು, ಒಮ್ಮೆ ಮುಚ್ಚಿತು. ಇಂದು ಅಗ್ಗದ ಡಿಜಿಟಲ್ ಕ್ಯಾಮರಾಗಳಿಂದ ಮೊದಲನೆಯ ಬಾಗಿಲು ಅಗಲವಾಗಿದೆ. ಮೂರನೆಯದರ ಮುಂದೆ ಇಂದಿನ ನಟ-ನಿರ್ಮಾಪಕನೂ ಕಾದು ನಿಲ್ಲಲೇಬೇಕಾಗಿದೆ.