ವಿ. ಶಾಂತಾರಾಮ್: ಹುಬ್ಬಳ್ಳಿಯಿಂದ ಪರೇಲಿಗೆ

ಚಲಚ್ಚಿತ್ರವು ಕಲೆಯೂ ಹೌದು, ವ್ಯಾಪಾರವೂ ಹೌದು. ಹಣ ಹೂಡಿದವನ ಮಾತೇ ಕೊನೆಯ ಮಾತಾಗುವ ಈ ಉದ್ಯಮದಲ್ಲಿ, ತನಗೆ ಸರಿಯೆಂದು ಕಂಡುದನ್ನು ಹೇಳಬಯಸುವ ಕಲಾವಿದನು ಒಂದೋ ಮಣಿಯಬೇಕು, ಇಲ್ಲವೇ ಸ್ವಂತ ನೆಲೆಯನ್ನು ಕಟ್ಟಿಕೊಳ್ಳಬೇಕು. ಎರಡನೆಯ ದಾರಿಯನ್ನು ಹಿಡಿದವರಲ್ಲಿ ಪರೇಲಿನ ರಾಜಕಮಲ ಕಲಾಮಂದಿರದ ಸ್ಥಾಪಕ ವಿ. ಶಾಂತಾರಾಮರು ಅಗ್ರಗಣ್ಯರು.

1901ರ ನವೆಂಬರ 18ರಂದು ಕೊಲ್ಹಾಪುರದಲ್ಲಿ ಜನಿಸಿದ ಶಾಂತಾರಾಮರಿಗೆ ಕನ್ನಡ ನಾಡಿನ ನಂಟೂ ಇತ್ತು. ಎಳೆಯ ವಯಸ್ಸಿನಲ್ಲಿ ಅವರು ಹುಬ್ಬಳ್ಳಿಯ ರೈಲ್ವೆ ಕಾರ್ಖಾನೆಯಲ್ಲಿ ದುಡಿದರು. ಅದೇ ಊರಿನ ತಗಡಿನ ಸಿನೆಮಾ ಮಂದಿರವೊಂದರಲ್ಲಿ ಸಣ್ಣಪುಟ್ಟ ಕೆಲಸ ಮಾಡುತ್ತ ಚಿತ್ರಗಳನ್ನು ಕಂಡರು. ಮುಂದೆ ಕೊಲ್ಹಾಪುರದಲ್ಲಿ ಬಾಬುರಾವ ಪೇಂಟರರ ಗರಡಿಯನ್ನು ಸೇರಿದರು. 1925ರ ‘ಸಾವಕಾರಿ ಪಾಶ’ದಲ್ಲಿ, ಸಾಲಕ್ಕೆ ಹೊಲವನ್ನು ಕಳೆದುಕೊಂಡು ಗಿರಣಿ ಕಾರ್ಮಿಕನಾಗುವ ರೈತನ ಪಾತ್ರ ಅವರದು. ಹೊಟ್ಟೆಪಾಡಿಗಾಗಿ ಊರು ಬಿಟ್ಟು ಮುಂಬಯಿಗೆ ಬಂದವರಿಗೆ ಆ ಕಥೆಯನ್ನು ಬಿಡಿಸಿ ಹೇಳಬೇಕಾಗಿಲ್ಲ.

1929ರಲ್ಲಿ ಗೆಳೆಯರೊಡನೆ ‘ಪ್ರಭಾತ’ ಸಂಸ್ಥೆಯನ್ನು ಕಟ್ಟಿದ ಮೇಲೆ ವಿವಾದಗಳು ಬೆನ್ನು ಹತ್ತಿದವು. ಶಿವಾಜಿಯನ್ನು ಕುರಿತ ‘ಸ್ವರಾಜ್ಯಾಚೇ ತೋರಣ’ ಎಂಬ ಹೆಸರನ್ನು ಬ್ರಿಟಿಷ್ ಸೆನ್ಸಾರಿನವರು ಒಪ್ಪಲಿಲ್ಲ. ಅದು 1930ರಲ್ಲಿ ‘ಉದಯಕಾಲ’ವಾಗಿ ತೆರೆಕಂಡಿತು. ಸಂತ ಏಕನಾಥರ ಬಾಳಿನ ಮೂಲಕ ಅಸ್ಪೃಶ್ಯತೆಯನ್ನು ಖಂಡಿಸಿದ ‘ಮಹಾತ್ಮಾ’ 1935ರಲ್ಲಿ ‘ಧರ್ಮಾತ್ಮಾ’ ಆಗಬೇಕಾಯಿತು. ಹೆಸರು ಬದಲಾದರೂ ಹುರುಳು ಬದಲಾಗಲಿಲ್ಲ. 1937ರ ‘ಕುಂಕೂ’ ಚಿತ್ರದಲ್ಲಿ, ಮುದುಕನಿಗೆ ಮೋಸದಿಂದ ಕಟ್ಟಲ್ಪಟ್ಟ ತರುಣಿಯು ಆ ವಿವಾಹವನ್ನೇ ಧಿಕ್ಕರಿಸುತ್ತಾಳೆ. ಶಾಂತಾ ಆಪ್ಟೆಯವರು ನಟಿಸಿದ ಆ ಪಾತ್ರ ಸಂಪ್ರದಾಯಸ್ಥರ ಮನೆಯೊಳಕ್ಕೇ ಹೊಕ್ಕ ಪ್ರಶ್ನೆಯಾಗಿತ್ತು. 1941ರ ‘ಶೇಜಾರಿ’ ಹಿಂದೂ-ಮುಸ್ಲಿಂ ನೆರೆಹೊರೆಯವರ ಸ್ನೇಹದ ಕಥೆ. ಅದರ ಹಿಂದಿ ರೂಪವಾದ ‘ಪಡೋಸಿ’ಯಲ್ಲಿ ಹಿಂದುವಿನ ಪಾತ್ರವನ್ನು ಮಜಹರ್ ಖಾನರಿಗೂ ಮುಸ್ಲಿಮನ ಪಾತ್ರವನ್ನು ಗಜಾನನ ಜಾಗೀರದಾರರಿಗೂ ವಹಿಸಿದುದು ಶಾಂತಾರಾಮರ ಜಾಣ್ಮೆಗೂ ದಿಟ್ಟತನಕ್ಕೂ ಸಾಕ್ಷಿ.

ಪಾಲುದಾರರಲ್ಲಿ ಭಿನ್ನಾಭಿಪ್ರಾಯ ಬೆಳೆದಾಗ ಅವರು ‘ಪ್ರಭಾತ’ವನ್ನು ತೊರೆದು, 1942ರಲ್ಲಿ ಪರೇಲಿನಲ್ಲಿ ತಂದೆ ರಾಜಾರಾಮ, ತಾಯಿ ಕಮಲ ಇವರ ಹೆಸರನ್ನು ಕೂಡಿಸಿ ‘ರಾಜಕಮಲ’ವನ್ನು ಸ್ಥಾಪಿಸಿದರು. ಇನ್ನು ಮೇಲೆ ಲಾಭವೂ ತಮ್ಮದೇ, ನಷ್ಟವೂ ತಮ್ಮದೇ. ಮೊದಲ ಚಿತ್ರ ‘ಶಕುಂತಲಾ’ ಅಪಾರ ಜನಪ್ರಿಯತೆಯನ್ನು ಗಳಿಸಿ ಸಂಸ್ಥೆಯ ಬುನಾದಿಯನ್ನು ಭದ್ರಗೊಳಿಸಿತು. ಜನ ಮೆಚ್ಚುವ ಚಿತ್ರದ ಗಳಿಕೆಯಿದ್ದರೆ ತಾನೇ ಜನ ಮೆಚ್ಚುವರೋ ಇಲ್ಲವೋ ಎಂಬ ಚಿತ್ರಕ್ಕೆ ಕೈ ಹಾಕಲು ಸಾಧ್ಯ!

1946ರ ‘ಡಾ. ಕೋಟನೀಸ್ ಕೀ ಅಮರ್ ಕಹಾನಿ’ ಅಂಥದೊಂದು ಸಾಹಸ. ಸೊಲ್ಲಾಪುರದಲ್ಲಿ ಹುಟ್ಟಿದ ದ್ವಾರಕಾನಾಥ ಕೋಟನೀಸರು ವೈದ್ಯಶಾಸ್ತ್ರವನ್ನು ಕಲಿತದ್ದು ಇದೇ ಪರೇಲಿನ ಜಿ. ಎಸ್. ವೈದ್ಯಕೀಯ ಕಾಲೇಜಿನಲ್ಲಿ. 1938ರಲ್ಲಿ ಯುದ್ಧಪೀಡಿತ ಚೀನಕ್ಕೆ ತೆರಳಿದ ಐವರು ವೈದ್ಯರಲ್ಲಿ ಅವರೊಬ್ಬರು. ಗಾಯಾಳುಗಳ ಸೇವೆಯಲ್ಲಿದ್ದಾಗಲೇ 1942ರಲ್ಲಿ, 32ನೆಯ ವಯಸ್ಸಿನಲ್ಲಿ ತೀರಿಕೊಂಡರು. ಶಾಂತಾರಾಮರು ಚಿತ್ರವನ್ನು ನಿರ್ದೇಶಿಸಿದ್ದಲ್ಲದೆ ಕೋಟನೀಸರ ಪಾತ್ರವನ್ನೂ ತಾವೇ ವಹಿಸಿದರು.

1955ರಲ್ಲಿ ಬಣ್ಣದ ‘ಝನಕ್ ಝನಕ್ ಪಾಯಲ್ ಬಾಜೇ’ ಯಶಸ್ವಿಯಾದ ಬಳಿಕ ಅದೇ ದಾರಿಯಲ್ಲಿ ನಡೆಯುವುದು ಸುಲಭವಿತ್ತು. ಅವರು ಕಪ್ಪು-ಬಿಳುಪಿಗೆ ಮರಳಿ, ಆರು ಮಂದಿ ಕೊಲೆಗಾರರನ್ನು ನಂಬಿಕೆಯಿಂದಲೇ ತಿದ್ದುವ ಜೈಲರನ ಕಥೆಯಾದ ‘ದೋ ಆಂಖೇಂ ಬಾರಹ ಹಾಥ್’ ಚಿತ್ರವನ್ನು 1957ರಲ್ಲಿ ತಂದರು. ಔಂಧ ಸಂಸ್ಥಾನದ ಸ್ವತಂತ್ರಪುರದಲ್ಲಿ ನಡೆದ ತೆರೆದ ಬಂದೀಖಾನೆಯ ಪ್ರಯೋಗವೇ ಅದಕ್ಕೆ ಪ್ರೇರಣೆ. ಗೂಳಿಯೊಡನೆ ಸೆಣಸುವ ದೃಶ್ಯದಲ್ಲಿ ಅವರ ಕಣ್ಣಿಗೆ ತೀವ್ರ ಪೆಟ್ಟಾಯಿತು. ದೃಷ್ಟಿ ಉಳಿದುದೇ ಭಾಗ್ಯ. 1958ರಲ್ಲಿ ಚಿತ್ರವು ಬರ್ಲಿನ್ ಉತ್ಸವದಲ್ಲಿ ರಜತ ಕರಡಿ ಪ್ರಶಸ್ತಿಯನ್ನು ಪಡೆಯಿತು.

ಅವರ ಕೊನೆಕೊನೆಯ ಚಿತ್ರಗಳಲ್ಲಿ ಆಡಂಬರ ಹೆಚ್ಚಾಯಿತೆಂಬ ವಿಮರ್ಶಕರ ಆಕ್ಷೇಪವನ್ನು ತಳ್ಳಿಹಾಕುವಂತಿಲ್ಲ. ಸ್ವತಂತ್ರನಾದವನಿಗೆ ತಪ್ಪು ಮಾಡುವ ಸ್ವಾತಂತ್ರ್ಯವೂ ಇರುತ್ತದೆ, ಅದರ ಬೆಲೆಯನ್ನೂ ಅವನೇ ತೆರಬೇಕಾಗುತ್ತದೆ. 1985ರ ಫಾಲ್ಕೆ ಪ್ರಶಸ್ತಿಗೆ ಪಾತ್ರರಾದ ಶಾಂತಾರಾಮರು 1990ರ ಅಕ್ಟೋಬರ 30ರಂದು ನಿಧನರಾದರು. ಹುಬ್ಬಳ್ಳಿಯ ತಗಡಿನ ಮಂದಿರದಲ್ಲಿ ಇತರರ ಚಿತ್ರಗಳನ್ನು ನೋಡುತ್ತ ನಿಂತ ಹುಡುಗನು, ಪರೇಲಿನಲ್ಲಿ ತನ್ನದೇ ಮಾತನ್ನು ಹೇಳುವ ಮಂದಿರವನ್ನು ಕಟ್ಟಿದನೆಂಬುದು ಪರವೂರಿನಲ್ಲಿ ಬಾಳು ಕಟ್ಟಿಕೊಂಡ ನಮ್ಮೆಲ್ಲರಿಗೂ ನೆನೆಯತಕ್ಕ ಸಂಗತಿ.