ರೆನೆಸ್ಮೆ: ಅಜ್ಜಿಯರನ್ನು ಬೆಸೆದ ಹೆಸರು

ರೆನೆಸ್ಮೆ. ಒಂದೇ ಉಸಿರಿಗೆ ಹೇಳಿ ನೋಡಿ, ನಾಲಿಗೆ ತೊಡರುತ್ತೆ!

ಇದು ಹುಟ್ಟಿದ್ದು 2008ರಲ್ಲಿ, ಅಮೆರಿಕದ ಲೇಖಕಿ ಸ್ಟೆಫನಿ ಮೆಯರ್ ಬರೆದ ‘ಬ್ರೇಕಿಂಗ್ ಡಾನ್’ ಕಾದಂಬರಿಯಲ್ಲಿ. ರಕ್ತಪಿಶಾಚಿಗಳ ಕಥೆ ಹೇಳುವ ‘ಟ್ವೈಲೈಟ್’ ಸರಣಿಯ ನಾಲ್ಕನೇ ಪುಸ್ತಕ.

ನಾಯಕಿ ಬೆಲ್ಲಾಳ ತಾಯಿ ರೆನೆ, ಅತ್ತೆ ಎಸ್ಮೆ. ಬೆಲ್ಲಾ ಎರಡನ್ನೂ ಬೆಸೆದು ಮಗಳಿಗೆ ಇಟ್ಟಳು. ನಮ್ಮಲ್ಲೂ ಅಪ್ಪ-ಅಮ್ಮನ ಹೆಸರಿನ ಅಕ್ಷರ ಜೋಡಿಸೋರು ಇದ್ದಾರಲ್ಲ, ಹಾಗೇ. ಅಜ್ಜಂದಿರನ್ನೂ ಬಿಡಲಿಲ್ಲ: ಕಾರ್ಲೈಲ್, ಚಾರ್ಲಿ ಸೇರಿ ನಡುಹೆಸರು ಕಾರ್ಲಿ!

ಅರ್ಥ? ಫ್ರೆಂಚ್ ಮೂಲದ ರೆನೆ ಅಂದ್ರೆ ಮರುಹುಟ್ಟು ಪಡೆದವಳು, ಎಸ್ಮೆ ಅಂದ್ರೆ ಪ್ರೀತಿಪಾತ್ರಳು. ಹೆರಿಗೆಯಲ್ಲಿ ಸಾವಿನಂಚಿಗೆ ಹೋಗಿ ರಕ್ತಪಿಶಾಚಿಯಾಗಿ ಎದ್ದ ತಾಯಿ ಇಟ್ಟ ಹೆಸರು. ನನಗಂತೂ ಒಪ್ಪುತ್ತೆ ಅನ್ಸುತ್ತೆ.

ಕಥೆಯಲ್ಲೇ ಬೆಲ್ಲಾಳ ಸ್ನೇಹಿತ ಜೇಕಬ್ ಅದನ್ನ ‘ನೆಸ್ಸಿ’ ಅಂತ ಮೊಟಕು ಮಾಡ್ತಾನೆ. ಸ್ಕಾಟ್ಲೆಂಡಿನ ಸರೋವರದ ದೈತ್ಯಪ್ರಾಣಿಯ ಹೆಸರದು! ಬೆಲ್ಲಾ ಕೆಂಡಾಮಂಡಲ.

ಅಮೆರಿಕದಲ್ಲಿ ನಿಜವಾದ ಮಕ್ಕಳಿಗೂ ಇದನ್ನ ಇಟ್ಟವರಿದ್ದಾರೆ. ಅಪರೂಪಕ್ಕೆ.